ಹೊಗೆ ನೋಡಿ ಓಡುವವನು

ನಮ್ಮೂರು ಇಂಡಿಯಲ್ಲಿ ಈಗ ಒಂದು ಕಥೆ ಓಡಾಡುತ್ತಿದೆ. ಹುಟ್ಟಿನಿಂದ ಕಿವಿ ಕೇಳಿಸದ ನನ್ನ ತಮ್ಮ ಮಲ್ಲು ಪುಣೆಗೆ ಹೋಗಿ ನೂರು ಮೀಟರ್ ಓಟದಲ್ಲಿ ಮೊದಲು ಬಂದನಂತೆ. ಬಂದದ್ದಾದರೂ ಹೇಗೆ, ಹಿಂದೆ ಒಬ್ಬರ ನೆರಳೂ ಕಾಣದ ಹಾಗೆ ಬಂದನಂತೆ. ಸಾಕ್ಷಿಗೆ ಒಂದು ವಿಡಿಯೊ ಇದೆ. ಗೆರೆ ದಾಟುವ ಮಲ್ಲು, ಮೇಲೆತ್ತಿದ ಎರಡು ಕೈ, ಹಿಂದೆ ಖಾಲಿ ಕೆಂಪು ಟ್ರ್ಯಾಕು. ಅದರಿಂದ ತೆಗೆದ ಚಿತ್ರವೊಂದು ಬಸ್ ನಿಲ್ದಾಣದ ಎದುರು ಬ್ಯಾನರಾಗಿ ನಿಂತಿದೆ. ಕೆಳಗೆ ಶುಭ ಕೋರುವವರ ಹನ್ನೆರಡು ಮುಖಗಳು. ಅವರಲ್ಲಿ ಅರ್ಧ ಜನಕ್ಕೆ ಮಲ್ಲುವಿನ ಪೂರ್ತಿ ಹೆಸರು ಗೊತ್ತಿಲ್ಲ.

ಚರ್ಚಾಸ್ಪರ್ಧೆಗಳಲ್ಲಿ ಐದು ವರ್ಷ ಮೈಕಿನ ಮುಂದೆ ನಿಂತವಳು ನಾನು. ಎದುರಾಳಿ ತಂದ ಸಾಕ್ಷಿಯನ್ನೇ ಮೊದಲು ತಿರುವಿ ನೋಡು ಎಂದು ನಮಗೆ ಕಲಿಸುತ್ತಿದ್ದರು. ಹಾಗಾಗಿ ಊರಿನವರಿಗೆ ನನ್ನದು ಒಂದೇ ಪ್ರಶ್ನೆ. ಅದು ಎಂಟು ಜನರ ಓಟ. ಎಂಟರಲ್ಲಿ ತೀರಾ ನಿಧಾನದವನೂ ಗೆದ್ದವನಿಗಿಂತ ಹತ್ತು ಹದಿನೈದು ಹೆಜ್ಜೆ ಹಿಂದಿರುತ್ತಾನೆ, ಅಷ್ಟೇ. ಉಳಿದ ಏಳು ಜನ ಎಲ್ಲಿ ಹೋದರು? ನೆಲ ಬಾಯಿಬಿಟ್ಟು ನುಂಗಿತೇ?

ಅವರು ಎಲ್ಲಿಯೂ ಹೋಗಿರಲಿಲ್ಲ. ಶುರುವಿನ ಗೆರೆಯ ಹತ್ತಿರ ಸೊಂಟದ ಮೇಲೆ ಕೈಯಿಟ್ಟು ನಿಂತು, ನನ್ನ ತಮ್ಮ ಒಬ್ಬನೇ ಓಡುವುದನ್ನು ನೋಡುತ್ತಿದ್ದರು. ಮಲ್ಲು ಆ ದಿನ ಗೆಲ್ಲಲಿಲ್ಲ. ಅವನು ಕೊನೆಯ ಗೆರೆ ದಾಟುವ ಹೊತ್ತಿಗೆ ಪಟ್ಟಿಯಲ್ಲಿ ಅವನ ಹೆಸರಿನ ಮೇಲೆ ಗೀಟು ಬಿದ್ದಾಗಿತ್ತು. ಪಾಪ, ಕಿವಿ ಕೇಳಿಸದ್ದಕ್ಕೆ ಹಾಗಾಯಿತು ಎನ್ನಬೇಡಿ. ಅದು ಇನ್ನೊಂದು ಸುಲಭದ ಕಥೆ. ನಡೆದದ್ದನ್ನು ಹೇಳಬೇಕೆಂದರೆ ನಾವು ಪುಣೆಗೆ ಬಂದ ಬೆಳಗಿನಿಂದಲೇ ಹೇಳಬೇಕು.

ಬಂದ ಮೊದಲ ಬೆಳಿಗ್ಗೆಯೇ ಮಲ್ಲುವಿನ ಹಣೆಗೆ ಪಿಸ್ತೂಲು ಹಿಡಿದರು. ಕೋಥರೂಡದಲ್ಲಿ ನಾವು ಬಾಡಿಗೆಗೆ ಮನೆ ಹಿಡಿದ ಸೊಸೈಟಿಯ, ಅಂದರೆ ಮನೆಗಳ ಸಮುಚ್ಚಯದ, ಗೇಟಿನಲ್ಲಿ ಕಾವಲುಗಾರ ಬಿಳಿ ಪ್ಲಾಸ್ಟಿಕ್ಕಿನ, ಜ್ವರ ಅಳೆಯುವ ಯಂತ್ರವನ್ನು ಎತ್ತಿ ಅವನ ಹುಬ್ಬುಗಳ ನಡುವೆ ಗುರಿಯಿಟ್ಟ. ಕೊರೊನಾ ಹೋಗಿ ಕಾಲವಾಗಿತ್ತು. ಸೊಸೈಟಿಯ ಚೇರಮನ್ನರು ಮಾತ್ರ ಹೊಸಬರಿಗೆ ಆ ಮರ್ಯಾದೆ ಮಾಡುವುದನ್ನು ಬಿಟ್ಟಿರಲಿಲ್ಲ. ಮಲ್ಲು ಹಾರಿ ನನ್ನ ಬೆನ್ನ ಹಿಂದೆ ಹೋದ. ಕೈಯಲ್ಲಿದ್ದ ಶೇಂಗಾ ಚಟ್ನಿಯ ಡಬ್ಬಿ ಕಾಂಕ್ರೀಟಿನ ಮೇಲೆ ಉರುಳಿತು. "ಘಾಬರೂ ನಕಾ, ಫಕ್ತ್ ಗನ್ ಆಹೇ" ಎಂದ ಕಾವಲುಗಾರ. ಹೆದರಬೇಡಿ, ಬರೀ ಗನ್ನು. ಬರೀ ಗನ್ನು ಎಂದು ಸಮಾಧಾನ ಹೇಳುವ ಊರಿಗೆ ಬಂದಿದ್ದೇವಲ್ಲ ಎಂದುಕೊಂಡೆ.

ಇಂಡಿಯಲ್ಲಿ ಪಿಸ್ತೂಲು ಎಂದರೆ ಒಂದು, ದೀಪಾವಳಿಗೆ ಟಿಕಳಿ ಹೊಡೆಯುವ ತಗಡಿನದು. ಇನ್ನೊಂದು, ಪಿಎಸ್‌ಐ ಸಾಹೇಬರ ಸೊಂಟದಲ್ಲಿರುವುದು, ಅದನ್ನು ಹೊರಗೆ ತೆಗೆದಿದ್ದು ಯಾರೂ ನೋಡಿದವರಿಲ್ಲ. ಇವೆರಡು ಬಿಟ್ಟರೆ ಚುರುಕಾದ ಹುಡುಗನನ್ನು 'ಪಿಸ್ತೂಲ್ ಅದಾನ' ಎಂದು ಹೊಗಳುವುದುಂಟು. ಪುಣೆಯಲ್ಲಿ ಕಸುಬಿಗೊಂದು ಪಿಸ್ತೂಲು. ಬಡಗಿ ಮೊಳೆ ಹೊಡೆಯುವುದು ಗನ್ನಿನಿಂದ, ಅಂಟು ಹಚ್ಚುವುದು ಇನ್ನೊಂದು ಗನ್ನಿನಿಂದ. ಗಾಡಿ ತೊಳೆಯುವವನ ನೀರಿನ ಕೊಳವೆಯ ತುದಿಯೂ ಗನ್ನೇ. ನಮ್ಮಲ್ಲಿ ಪತ್ತಾರ ಮನೆಗೇ ಬಂದು, ಮಗುವಿನ ಬಾಯಿಗೆ ಬೆಲ್ಲ ಇಟ್ಟು, ಬಂಗಾರದ ತಂತಿಯಿಂದ ಕಿವಿ ಚುಚ್ಚುತ್ತಾನೆ. ಇಲ್ಲಿ ಒಡವೆಯಂಗಡಿಯ ಹುಡುಗಿ ಟಪ್ ಎಂದು ಗನ್ ಒತ್ತಿ, ಮುಂದಿನವರನ್ನು ಕರೆಯುತ್ತಾಳೆ. ಮಲ್ಲುವಿಗೆ ಸಿಕ್ಕ ಕೆಲಸವೂ ಅಂಥದ್ದೇ. ಮಗರಪಟ್ಟಾದ ಹತ್ತಿರ ಮನೆಮನೆಗೆ ಕಿರಾಣಿ ಕಳಿಸುವ ಗೋದಾಮಿನಲ್ಲಿ, ಪೊಟ್ಟಣದ ಮೇಲಿನ ಕಪ್ಪು ಗೆರೆಗಳಿಗೆ ಗನ್ ಹಿಡಿದು ಕೆಂಪು ಬೆಳಕು ಬಿಡುವುದು. ಅರ್ಧ ದಿನ ಆ ಕೆಲಸ, ಅರ್ಧ ದಿನ ಕಿವುಡರ ಜೂನಿಯರ್ ಕಾಲೇಜು.

ನಮ್ಮಿಬ್ಬರ ನಡುವೆ ಒಂದು ಕೈಮಾತು ಇತ್ತು. ಯಾವ ಶಾಲೆಯದೂ ಅಲ್ಲ, ಅಡುಗೆಮನೆಯಲ್ಲಿ ನಾವೇ ಕಟ್ಟಿಕೊಂಡದ್ದು. ಅದರಲ್ಲಿ ಇಷ್ಟೆಲ್ಲ ಪಿಸ್ತೂಲುಗಳಿಗೆ ಅವನ ಬಳಿ ಒಂದೇ ಕೈ: ಹೆಬ್ಬೆರಳು ಮೇಲೆ, ತೋರುಬೆರಳು ಮುಂದೆ. ಬೆರಳು ಎತ್ತ ತಿರುಗಿದೆ ಎಂಬುದರ ಮೇಲೆ ಅರ್ಥ. ನೆಲಕ್ಕೆ ತಿರುಗಿದರೆ ಗೋದಾಮು, ಕಿವಿಯ ಹಾಲೆಗೆ ತಿರುಗಿದರೆ ಒಡವೆಯಂಗಡಿ, ಆಕಾಶಕ್ಕೆ ತಿರುಗಿದರೆ ಓಟ. ಓಟ ಎನ್ನುವಾಗ ಮಾತ್ರ ಹುಬ್ಬು ಮೇಲೇರುತ್ತಿತ್ತು.

ಊರಿನವರು ಫೋನಿನಲ್ಲಿ, ಅಯ್ಯ, ಮೂಕ ಹುಡುಗನನ್ನು ಕಟ್ಟಿಕೊಂಡು ಪರಸ್ಥಳದಲ್ಲಿ ಹೇಗೆ ಇರುತ್ತೀಯೇ ಎಂದು ಕೇಳುತ್ತಿದ್ದರು. ಮೊದಲ ಮೂರು ತಿಂಗಳು ನಮ್ಮಿಬ್ಬರಲ್ಲಿ ಮೂಕಿ ನಾನು. ಅವನು ಇಂಡಿಯಲ್ಲಿ ಹೇಗೆ ತರಕಾರಿ ತರುತ್ತಿದ್ದನೋ ಇಲ್ಲಿಯೂ ಹಾಗೆಯೇ ತೋರಿಸಿ, ಬೆರಳು ಎತ್ತಿ, ತಲೆ ಅಲ್ಲಾಡಿಸಿ ತಂದ. ನಾನು ಧಾರವಾಡದ ಸಭಾಂಗಣಗಳಲ್ಲಿ ಚಪ್ಪಾಳೆ ಗಿಟ್ಟಿಸಿದವಳು, ಸಂತೆಯಲ್ಲಿ ಕೊತ್ತಂಬರಿಯ ಬೆಲೆಗೆ ಜಗಳವಾಡಲು ಮರಾಠಿ ಸಾಲದೆ ಹೇಳಿದಷ್ಟು ಕೊಟ್ಟು ಬಂದೆ. ಮಗರಪಟ್ಟಾದಲ್ಲಿ ನನ್ನ ಕೆಲಸ ಆರೋಗ್ಯ ವಿಮೆಯ ಅರ್ಜಿಗಳನ್ನು ಓದಿ, ಯಾವ ನಿಯಮದಡಿ ಒಪ್ಪಬಾರದು ಎಂದು ಗುರುತು ಹಾಕುವುದು. ವಾದ ಕಲಿತದ್ದಕ್ಕೆ ಸಿಕ್ಕ ಫಲ ಅದು. ಮಧ್ಯಾಹ್ನ ಬೆಲ್ಲ ಹಾಕಿದ ಆಮಟಿ, ಅಂದರೆ ಇಲ್ಲಿಯ ತೊವ್ವೆ, ಅದನ್ನು ನುಂಗುತ್ತಾ ಅಮ್ಮನ ಖಾರಬ್ಯಾಳಿ ನೆನೆಯುತ್ತಿದ್ದೆ. ಭಾಕರಿ ಎಂದು ಕೇಳಿದರೆ ಜೋಳದ ರೊಟ್ಟಿಯೇನೋ ಸಿಗುತ್ತಿತ್ತು. ಅದನ್ನು ಬಡಿಯುವ ಸಪ್ಪಳ ಮಾತ್ರ ಹೋಟೆಲಿನ ಗೋಡೆಯ ಆಚೆ ಇರುತ್ತಿತ್ತು.

ಮನೆ ಸಿಕ್ಕದ್ದು ಒಂದು ತಪ್ಪು ತಿಳಿವಳಿಕೆಯಿಂದ. ಹುಡುಗನಿಗೆ ಕಿವಿ ಕೇಳಿಸದು ಎಂದಾಗ ಮನೆಯ ಒಡತಿ, ಹಾಗಾದರೆ ಗದ್ದಲವಿರುವುದಿಲ್ಲ ಎಂದು ಖುಷಿಯಿಂದ ಕೀಲಿಕೈ ಕೊಟ್ಟರು. ಕಿವುಡರ ಮನೆಯಷ್ಟು ಗದ್ದಲದ ಮನೆ ಇನ್ನೊಂದಿಲ್ಲ ಎಂದು ಅವರಿಗೆ ಯಾರೂ ಹೇಳಿರಲಿಲ್ಲ. ಮಲ್ಲು ಬಾಗಿಲು ಬಡಿಯುತ್ತಾನೆ, ಕುರ್ಚಿ ಎಳೆಯುತ್ತಾನೆ, ಪಾತ್ರೆ ಒಗೆಯುತ್ತಾನೆ, ನಿಂತಲ್ಲೇ ಮೊಣಕಾಲೆತ್ತಿ ಓಡುತ್ತಾನೆ. ತನಗೆ ಕೇಳಿಸದ ಸಪ್ಪಳ ಇತರರಿಗೆ ಕೇಳಿಸುತ್ತದೆಂಬುದು ಅವನಿಗೆ ಗೊತ್ತು, ಎಷ್ಟು ಎಂಬುದು ಗೊತ್ತಿಲ್ಲ.

ಎಂಟನೆಯ ದಿನ ಕೆಳಗಿನ ಮನೆಯ ಮುದುಕರು ಮೇಲೆ ಬಂದರು. ಮರಾಠಿಯಲ್ಲಿ ಬೈಯಲು ಶುರುಮಾಡಿ, ನಾನು ಗಾಬರಿಯಲ್ಲಿ 'ಅಯ್ಯೋ ಶಿವನೇ' ಎಂದದ್ದೇ ತಡ, ಕನ್ನಡಕ್ಕೆ ಹೊರಳಿದರು. "ಯಾರವಾ ಅದು, ನನ್ನ ತಲಿ ಮ್ಯಾಲ ಕುದುರಿ ಸಾಕೀರಿ?" ಅವರೇ ಕುಲಕರ್ಣಿ ಕಾಕಾ. ಧಾರವಾಡದವರು, ನಲವತ್ತು ವರ್ಷ ಇಲ್ಲಿಯ ಶಾಲೆಯೊಂದರಲ್ಲಿ ಆಟ ಕಲಿಸಿ ನಿವೃತ್ತರಾದವರು. ಮಲ್ಲು ನಿಂತಲ್ಲಿ ಓಡುವುದನ್ನು ಬಾಗಿಲಲ್ಲೇ ನಿಂತು ಸ್ವಲ್ಪ ಹೊತ್ತು ನೋಡಿದರು. ಬೈಗುಳ ನಿಂತಿತು. ಮರುದಿನ ಬೆಳಿಗ್ಗೆ ಅವನನ್ನು ಮೈದಾನಕ್ಕೆ ಕರೆದುಕೊಂಡು ಹೋದರು.

ಕಾಕಾ ಬರೀ ಆಟದ ಮಾಸ್ತರರಲ್ಲ, ಓಟದ ಸ್ಟಾರ್ಟರ್, ಅಂದರೆ ಪಿಸ್ತೂಲು ಹೊಡೆದು ಓಟ ಶುರುಮಾಡಿಸುವವರು. ಅವರ ಕಪಾಟಿನಲ್ಲಿ, ಹೆಂಡತಿಯ ಹಳೆಯ ಇಳಕಲ್ ಸೀರೆಯ ತುಂಡಿನಲ್ಲಿ ಸುತ್ತಿದ ಒಂದು ಪಿಸ್ತೂಲಿತ್ತು. ಗುಂಡು ಹಾರುವುದಿಲ್ಲ, ಸದ್ದು, ಒಂದಿಷ್ಟು ಹೊಗೆ, ಅಷ್ಟೇ. ಊರೆಲ್ಲ ಗನ್ ಎಂದರೂ ಅವರು ಪಿಸ್ತೂಲ ಎಂದೇ ಅನ್ನುತ್ತಿದ್ದರು. ಒಮ್ಮೆ ಅದನ್ನು ಊಟದ ಚೀಲದಲ್ಲಿಟ್ಟುಕೊಂಡು ಮೆಟ್ರೊ ಹತ್ತಲು ಹೋಗಿ, ಚೀಲ ನೋಡುವ ಯಂತ್ರದ ಎದುರು ಕುಳಿತ ಹುಡುಗಿ ಕುರ್ಚಿಯಿಂದ ಎದ್ದುನಿಂತು, ನಾಲ್ಕು ಜನ ಪೊಲೀಸರು ಬಂದು, ಕ್ರೀಡಾ ಸಂಘದ ಹಳೆಯ ಪತ್ರ ತೋರಿಸಿ ಬಿಡಿಸಿಕೊಂಡು ಬರಲು ಮಧ್ಯಾಹ್ನವಾಯಿತು. ಅಂದಿನಿಂದ ಅವರದು ಸಿಟಿ ಬಸ್ಸು.

ಸಪ್ಪಳಕ್ಕೆ ಓಡುವ ಆಟಕ್ಕೆ ಸಪ್ಪಳ ಕೇಳಿಸದವನನ್ನು ಏಕೆ ತಯಾರು ಮಾಡುತ್ತೀರಿ ಎಂದು ನಾನೇ ಕೇಳಿದೆ. ಅನುಮಾನಿಸುವುದು ನನ್ನ ಹುಟ್ಟುಗುಣ. ಕಾಕಾ ಒಂದು ಗಡಿಯಾರ ನನ್ನ ಕೈಗೆ ಕೊಟ್ಟು, ನೂರು ಮೀಟರ್ ಆಚೆ ನಿಲ್ಲಿಸಿ, ಈ ತುದಿಯಿಂದ ಪಿಸ್ತೂಲು ಹೊಡೆದರು. ಮೊದಲು ಹೊಗೆ ಕಂಡಿತು, ಆಮೇಲೆ ಸದ್ದು ಬಂತು. ಕಣ್ಣು ಮಿಟುಕಿಸುವಷ್ಟೇ ಅಂತರ, ಆದರೆ ಇತ್ತು.

"ನೋಡಿದೇನವಾ? ಟೈಮ್ ಹಿಡಿಯಾಂವ ಸಪ್ಪಳಕ್ಕ ಗಡಿಯಾರ ಒತ್ತಿದ್ರ ಲೆಕ್ಕ ತಪ್ಪತದ. ಹೊಗಿ ನೋಡಿ ಒತ್ತಬೇಕು. ಸಪ್ಪಳ ತಡಾ ಮಾಡಿ ಬರ್ತದ."

"ಅಂದ್ರ ಕಾಕಾ, ಹೊಗಿ ಖರೆ, ಸಪ್ಪಳ ಸುಳ್ಳು ಅಂತೀರೇನು?"

"ಸುಳ್ಳಲ್ಲವಾ, ಹಿಂದಿನ ಬಸ್ಸಿಗೆ ಬರ್ತದ. ನಿನ್ನ ತಮ್ಮ ಮುಂದಿನ ಬಸ್ಸು ಹಿಡೀತಾನ."

ಹಾಗೆ ಶುರುವಾಯಿತು. ಒಂದನೆಯ ಲೇನಿನಲ್ಲಿ ಮಲ್ಲು ಕೈಯೂರಿ ಕೂರುತ್ತಿದ್ದ. ಒಳಬದಿಗೆ, ನಾಲ್ಕು ಹೆಜ್ಜೆ ಮುಂದೆ ಕಾಕಾ. ಪಿಸ್ತೂಲಿನ ಹಿಂದೆ ಹೊಗೆ ಎದ್ದು ಕಾಣಲೆಂದು ಕಪ್ಪು ಬಳಿದ ಹಲಗೆ. ಮಲ್ಲು ತಲೆ ತುಸು ಎಡಕ್ಕೆ ವಾಲಿಸಿ, ಆ ಹಲಗೆಯನ್ನು ಕಣ್ಣಂಚಿನಲ್ಲಿ ಹಿಡಿಯುತ್ತಿದ್ದ. ಪಿಸ್ತೂಲಿನ ಟಿಕಳಿಗಳು ಈಗ ಸಿಗುವುದು ಕಷ್ಟವೆಂದು ಕಾಕಾ ದಿನನಿತ್ಯದ ಅಭ್ಯಾಸಕ್ಕೆ ಮುಖದ ಪೌಡರಿನ ಡಬ್ಬಿ ತಂದರು. ಹಲಗೆಯ ಮುಂದೆ ಡಬ್ಬಿ ಒತ್ತಿದರೆ ಪುಸ್ಸೆಂದು ಬಿಳಿ ಮೋಡ. ಅದಕ್ಕೂ ಪಿಸ್ತೂಲ ಎಂದೇ ಹೆಸರು. "ಪಿಸ್ತೂಲ ಖಾಲಿ ಆತು, ಮಲ್ಲಿಗಿ ವಾಸನಿದು ತೊಗೊಂಡು ಬಾ" ಎಂದು ನನಗೆ ಹೇಳಿ ಕಳಿಸುತ್ತಿದ್ದರು. ಆರು ತಿಂಗಳಲ್ಲಿ ಮಲ್ಲು ಆ ಮೋಡಕ್ಕೆ ಎಷ್ಟು ಬೇಗ ನೆಗೆಯುತ್ತಿದ್ದನೆಂದರೆ, ಕಿವಿ ಕೇಳುವ ಹುಡುಗರು ಅವನ ಬೆನ್ನು ನೋಡುತ್ತಾ ಓಡಬೇಕಿತ್ತು. ಕೋಥರೂಡದ ಆ ಮೈದಾನ, ಆ ಮುದುಕ, ಆ ಮಲ್ಲಿಗೆಯ ಪೌಡರು, ಇಷ್ಟರಿಂದ ನನಗೆ ಪುಣೆ ಮೊದಲ ಬಾರಿ ವಾಸಕ್ಕೆ ತಕ್ಕ ಊರು ಅನ್ನಿಸಿತು.

ಆಯ್ಕೆಯ ಓಟ ಬಂತು. ಮೊದಲ ಇಬ್ಬರಿಗೆ ಕ್ರೀಡಾ ಹಾಸ್ಟೆಲಿನಲ್ಲಿ ಜಾಗ: ಊಟ, ವಸತಿ, ನಿಜವಾದ ತರಬೇತುದಾರರು. ವಯಸ್ಸಿನ ಮಿತಿ ಇಪ್ಪತ್ತು. ಮಲ್ಲುವಿಗೆ ಹತ್ತೊಂಬತ್ತು ಮುಗಿಯುತ್ತಿತ್ತು. ಬಂದರೆ ಈ ವರ್ಷ, ಇಲ್ಲದಿದ್ದರೆ ಇಲ್ಲ.

ಅಲ್ಲಿ ಹೊಗೆಯ ಪಿಸ್ತೂಲು ಇರಲಿಲ್ಲ. ಹೊಸ ವ್ಯವಸ್ಥೆ: ಸ್ಟಾರ್ಟರ್ ಓಟಗಾರರ ಹಿಂದೆ ಕಟ್ಟೆಯ ಮೇಲೆ ನಿಂತು ವೈರ್ ಇರುವ ಪಿಸ್ತೂಲು ಒತ್ತುತ್ತಾನೆ, ಪ್ರತಿ ಲೇನಿನ ಹಿಂದೆ ಇಟ್ಟ ಸ್ಪೀಕರಿನಲ್ಲಿ ಒಂದೇ ಕ್ಷಣಕ್ಕೆ ಸದ್ದು ಬರುತ್ತದೆ. ಎಲ್ಲರಿಗೂ ಸಮಾನವಾಗಿ ಕೇಳಿಸಲೆಂದು ಮಾಡಿದ್ದು.

ಒಂದು ವಾರ ಮೊದಲೇ ಕಾಕಾ ದಾರಿ ಮಾಡಿಟ್ಟಿದ್ದರು. "ಸ್ಟಾರ್ಟರ್ ನನ್ನ ಕೈಯಾಗ ಕಲತಾಂವ. ಮಲ್ಲೂಗ ಒಂದನೇ ಲೇನ್ ಕೊಡಿಸ್ತಾನ. ಆ ಒಂದು ಓಟಕ್ಕ ಮಷೀನ್ ಬಂದ್ ಬಿತ್ತು ಅಂತಾನ. ನನ್ನ ಪಿಸ್ತೂಲ ತೊಗೊಂಡು ಮುಂದ ಬಂದು ನಿಂತು ಹೊಡೀತಾನ. ಮುಗೀತು."

"ಮಷೀನ್ ಖರೇನ ಬಂದ್ ಬೀಳ್ತದೇನ್ರಿ?"

"ಇಲ್ಲವಾ. ಬಿತ್ತು ಅನ್ನೋದು."

"ಅಂದ್ರ ಸುಳ್ಳು."

"ಸುಳ್ಳಲ್ಲ, ಹೊಂದಾಣಿಕಿ."

ನನಗೆ ಮೈಯೆಲ್ಲ ಉರಿಯಿತು. ಯಂತ್ರ ಕೆಟ್ಟಿದೆ ಎಂದು ಸುಳ್ಳು ಹೇಳಿ ಏಕೆ ಓಡಿಸಬೇಕು? ಇವನಿಗೆ ಕಿವಿ ಕೇಳಿಸದು ಎಂಬ ನಿಜ ಹೇಳಿ ಏಕೆ ಓಡಿಸಬಾರದು? ಕಿವುಡರ ಕ್ರೀಡಾಕೂಟಗಳಲ್ಲಿ ದೀಪ ಉರಿಸಿ ಓಡಿಸುತ್ತಾರೆ, ಇಲ್ಲಿ ಒಂದು ಬಾವುಟ ಬೀಸಲು ಏನು ಅಡ್ಡಿ? ಇವತ್ತು ಉಪಕಾರವೆಂದು ಕೊಟ್ಟಿದ್ದನ್ನು ನಾಳೆ ಇಲ್ಲವೆಂದರೆ ಯಾರನ್ನು ಕೇಳುವುದು? ಇವನ ಹಿಂದೆ ಬರುವ ಇನ್ನೊಬ್ಬ ಕಿವುಡ ಹುಡುಗನಿಗೆ ಪರಿಚಯದ ಸ್ಟಾರ್ಟರ್ ಇಲ್ಲದಿದ್ದರೆ? ಇಷ್ಟನ್ನೂ ಕಾಕಾರ ಮುಂದೆ ಒಂದೇ ಉಸಿರಿಗೆ ಹೇಳಿದೆ. ಇಂದಿಗೂ ಇದರಲ್ಲಿ ಒಂದು ಮಾತನ್ನೂ ನಾನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ.

ಕಾಕಾ ಸೀರೆಯ ತುಂಡನ್ನು ಮಡಿಸುತ್ತಾ ಹೇಳಿದ್ದು ಇಷ್ಟೇ. "ಕೇಳಿದ್ರ ಇಲ್ಲ ಅಂತಾರವಾ. ಕೇಳಲಿಲ್ಲಂದ್ರ ಆಗ್ತದ."

ನಾನು ಕೇಳಿದೆ. ಎರಡು ಪುಟದ ಅರ್ಜಿ ಬರೆದೆ, ಇಂಗ್ಲಿಷಿನಲ್ಲಿ. ವಿಮೆ ಕಚೇರಿಯಲ್ಲಿ ಬೇರೆಯವರ ಅರ್ಜಿಗಳಲ್ಲಿ ತೂತು ಹುಡುಕುವವಳಿಗೆ ತೂತಿಲ್ಲದ ಅರ್ಜಿ ಬರೆಯುವುದು ಗೊತ್ತಿತ್ತು. ಓಟಕ್ಕೆ ಎರಡು ದಿನ ಮೊದಲು ಕ್ರೀಡಾ ಸಂಘದ ಮೇಜಿನ ಮೇಲಿಟ್ಟು, ತಲುಪಿದೆ ಎಂದು ಸಹಿ ಹಾಕಿಸಿಕೊಂಡೆ. ಮಲ್ಲುವಿಗೆ ಆಮೇಲೆ ತಿಳಿಸಿದೆ. ಅವನು ಬೆರಳುಗಳನ್ನು ಮೇಲಕ್ಕೆ ಅಲುಗಿಸಿ ಹೊಗೆ ತೋರಿಸಿ, ಹುಬ್ಬು ಗಂಟಿಕ್ಕಿ ನೋಡಿದ. ಅಂದರೆ, ಹೊಗೆ ಇರುತ್ತದಲ್ಲ, ಮತ್ತೇನು? ಅದಕ್ಕಿಂತ ಒಳ್ಳೆಯದು ಬರುತ್ತದೆ ಎಂದು ನಾನು ಕೈಮಾಡಿದೆ. ನಿನಗೆ ಯಾವುದು ಬೇಕು ಎಂದು ಕೇಳಲಿಲ್ಲ.

ಓಟದ ಬೆಳಿಗ್ಗೆ ರೆಫರಿ ನನ್ನನ್ನು ಕರೆದರು. ನಡುವಯಸ್ಸಿನ ಹೆಂಗಸು, ಜೋರು ಮಾಡುವವರಲ್ಲ. ನೀವು ಬರೆದಿರುವುದು ನೂರಕ್ಕೆ ನೂರು ಸರಿ ಎಂದೇ ಮರಾಠಿಯಲ್ಲಿ ಶುರುಮಾಡಿದರು. ಆ ದಿನ ನಾನು ಎರಡು ಮರಾಠಿ ಶಬ್ದ ಕಲಿತೆ: ತೋಂಡೀ ಎಂದರೆ ಬಾಯಿಮಾತಿನಲ್ಲಿ, ಲೇಖೀ ಎಂದರೆ ಬರಹದಲ್ಲಿ. ತೋಂಡೀ ಇದ್ದಿದ್ದರೆ ತಾನು ಕಣ್ಣು ಮುಚ್ಚಿಕೊಳ್ಳುತ್ತಿದ್ದೆ ಎಂದರು. ಲೇಖೀ ಬಂದದ್ದನ್ನು ಸಮಿತಿಯ ಮುಂದಿಡಲೇಬೇಕು, ಸಮಿತಿ ಕೂಡುವುದು ಕೂಟ ಮುಗಿದ ಮೇಲೆ. ಅಲ್ಲಿಯವರೆಗೆ ಎಲ್ಲರಿಗೂ ಇರುವುದೇ ಇವನಿಗೂ. ಇವನಿಗಾಗಿ ಬೇರೆ ಪಿಸ್ತೂಲು ತರುವ ಮಾತು ಈಗ ಎಲ್ಲರ ಕಿವಿಗೂ ಬಿದ್ದಿದೆ. ಪರವಾನಗಿಯ ಹೊಸ ಪತ್ರ ಇಲ್ಲದೆ ಅದನ್ನು ಮೈದಾನದೊಳಗೆ ಬಿಡಲಾಗದು. ಲೇನಿಗೂ ಎಲ್ಲರಂತೆ ಚೀಟಿ ಎತ್ತಿ.

ನಾನು ವಾದ ಮಾಡಿದೆ. ಮುಕ್ಕಾಲು ಗಂಟೆ ಮಾಡಿದೆ. ಅವರು ಪ್ರತಿಯೊಂದು ಅಂಶವನ್ನೂ ಒಪ್ಪಿಕೊಂಡರು, ಚೀಟಿ ಎತ್ತಿಸಿದರು. ಐದನೆಯ ಲೇನು ಬಂತು. ಕಾಕಾ ಚೀಲವನ್ನು ಎದೆಗೆ ಒತ್ತಿ ಹಿಡಿದು ಬೇಲಿಯ ಆಚೆ ನಿಂತಿದ್ದರು.

ಮುಂದಿನದು ಹೇಳಲು ಎಷ್ಟು ಹೊತ್ತು ಬೇಕೋ ಅಷ್ಟೂ ಹೊತ್ತು ಅದು ನಡೆಯಲಿಲ್ಲ. ಮಲ್ಲುವಿಗೆ ಉಳಿದದ್ದು ಒಂದೇ ಉಪಾಯ: ಪಕ್ಕದವನನ್ನು ನೋಡಿ ಏಳುವುದು. ಕೈಯೂರಿ ಕುಳಿತು, ತಲೆ ತುಸು ಎಡಕ್ಕೆ ವಾಲಿಸಿ, ನಾಲ್ಕನೆಯ ಲೇನಿನವನನ್ನು ಕಣ್ಣಂಚಿನಲ್ಲಿ ಹಿಡಿದ. ಎಲ್ಲರೂ ಸೊಂಟ ಎತ್ತಿದರು. ನಾಲ್ಕನೆಯವನ ಭುಜ ಒಮ್ಮೆ ನಡುಗಿತು. ಅವನ ಕೈ ನೆಲ ಬಿಡಲಿಲ್ಲ, ತಡೆದುಕೊಂಡ. ಸದ್ದು ಇನ್ನೂ ಬಂದಿರಲಿಲ್ಲ, ಮಲ್ಲು ಹಾರಿದ.

ತಿರುಗಿ ಬಾ ಎಂದು ಸ್ಪೀಕರುಗಳು ಕೂಗಿಕೊಂಡವು. ಎಂಟು ಸ್ಪೀಕರುಗಳೂ ಕೂಗಿದವು. ನಾನು ಬೇಲಿಗೆ ಜೋತುಬಿದ್ದು ಕೂಗಿದೆ, ಅವನ ಹೆಸರನ್ನು. ಹುಟ್ಟಿದಾಗಿನಿಂದ ಅವನಿಗೆ ಕೇಳಿಸದ ಹೆಸರನ್ನು, ಅವನ ಬೆನ್ನಿಗೆ. ಅವನು ಅಷ್ಟು ಚೆಂದವಾಗಿ ಓಡಿದ್ದನ್ನು ನಾನು ಹಿಂದೆಂದೂ ನೋಡಿರಲಿಲ್ಲ.

ಗೆರೆ ದಾಟಿ, ಕೈಯೆತ್ತಿ, ತಿರುಗಿ ನಿಂತ. ಸದ್ದಿಗೆ ಮೊದಲೇ ಎದ್ದವನು ಓಟದಿಂದ ಹೊರಗೆ ಎನ್ನುವ ಕೆಂಪು ಚೀಟಿ ಹಿಡಿದು ಶುರುವಿನ ಗೆರೆಯಿಂದ ಒಬ್ಬ ಅಧಿಕಾರಿ ಅವನತ್ತ ಹೊರಟರು. ವಯಸ್ಸಾದವರು, ನಿಧಾನಕ್ಕೆ ನಡೆದರು. ನೂರು ಮೀಟರ್ ಅಷ್ಟು ಉದ್ದವಿರುತ್ತದೆಂದು ನನಗೆ ತಿಳಿದಿರಲಿಲ್ಲ. ಅವರು ಅರ್ಧ ದಾರಿಗೆ ಬಂದಾಗ ಮಲ್ಲುವಿನ ಕೈಗಳು ಕೆಳಗಿಳಿದವು.

ಹಡಪಸರದಲ್ಲಿ ಕೆಲಸಕ್ಕಿರುವ ನಮ್ಮ ಸೋದರತ್ತೆಯ ಮಗ ಕೊನೆಯ ಗೆರೆಯ ಬಳಿ ನಿಂತು ವಿಡಿಯೊ ತೆಗೆದಿದ್ದ. ಏನಾಯಿತೆಂದು ಅವನಿಗೂ ತಿಳಿಯದೆ, ಏನೂ ಬರೆಯದೆ ಊರಿಗೆ ಕಳಿಸಿದ. ಸುಳ್ಳು ಹೇಳಿದವರು ಯಾರೂ ಇಲ್ಲ ನೋಡಿ. ಅವನು ಕಳಿಸಿದ, ಊರು ಕಂಡದ್ದನ್ನು ಹೇಳಿತು.

ಸಂಜೆಯೊಳಗೆ ಅಮ್ಮನ ಫೋನು. "ಮಲ್ಲೂ ಫಸ್ಟ್ ಬಂದಾನಂತಲ್ಲ, ನೀ ಯಾಕ ಹೇಳಲಿಲ್ಲಬೇ? ಹಿಂದ ಒಬ್ಬಾಂವನೂ ಇಲ್ಲ ನೋಡು, ಅಷ್ಟು ದೂರ ಬಿಟ್ಟು ಬಂದಾನ. ಖರೇನ ಹೌದಿಲ್ಲೋ?" ಹಿಂದೆ ಅಪ್ಪ, ಓಣಿಯ ಹೆಂಗಸರು, ಯಾರೋ ನಗುತ್ತಿದ್ದರು. ಎದುರಿಗೆ ಮಲ್ಲು ಕುಳಿತಿದ್ದ. ನನ್ನ ತುಟಿಗಳನ್ನೇ ನೋಡುತ್ತಿದ್ದ.

"ಹೂಂ, ಯವ್ವಾ" ಎಂದೆ.

ಒಂದು ಓಟಕ್ಕೆ ಯಂತ್ರ ಕೆಟ್ಟಿದೆ ಎಂಬ ಸುಳ್ಳನ್ನು ತಾಳಲಾರದೆ ಎರಡು ಪುಟ ಬರೆದವಳು ನಾನು. ಆ ಒಂದು 'ಹೂಂ' ಬಸ್ ನಿಲ್ದಾಣದ ಬ್ಯಾನರಾಯಿತು. ಕಳೆದ ಯುಗಾದಿಗೆ ಊರಿಗೆ ಹೋಗದಿರಲು ಆಫೀಸಿನ ನೆಪ ಹೇಳಿದೆ. ಆಫೀಸಿಗೆ ಅಂದು ರಜೆಯಿತ್ತು.

ಕಾಕಾ ನನ್ನನ್ನು ಬೈಯಲಿಲ್ಲ. ವಾರದ ನಂತರ ಮೆಟ್ಟಿಲ ಮೇಲೆ ಸಿಕ್ಕಾಗ, ಅರ್ಜಿಯ ಪ್ರತಿಯನ್ನು ರೆಫರಿ ತೋರಿಸಿದರು ಎಂದರು. "ಭಾಳ ಛಲೋ ಬರದಿದ್ದೀಯವಾ" ಎಂದು ಹೇಳಿ ಕೆಳಗಿಳಿದರು. ವ್ಯಂಗ್ಯವಿರಲಿಲ್ಲ. ಇದ್ದಿದ್ದರೆ ಉತ್ತರ ಕೊಡುತ್ತಿದ್ದೆ.

ಸಮಿತಿ ಕೂಡಿತೆಂದೂ, ಮುಂದಿನ ವರ್ಷದಿಂದ ಕಿವುಡ ಓಟಗಾರರಿಗೆ ಬಾವುಟ ಬೀಸಲು ಒಪ್ಪಿದೆಯೆಂದೂ ಆಮೇಲೆ ಪತ್ರ ಬಂತು. ಇದು ನನ್ನ ಗೆಲುವು. ಮುಂದಿನ ವರ್ಷ ಮಲ್ಲುವಿಗೆ ಇಪ್ಪತ್ತು ದಾಟಿರುತ್ತದೆ. ಪತ್ರವನ್ನು ಅವನಿಗೆ ತೋರಿಸಿದೆ. ಓದಿ, ಮಡಿಸಿ, ಮೇಜಿನ ಮೇಲಿಟ್ಟ. ಮೊದಲ ಸಲ ಅವನು ಸದ್ದು ಮಾಡದೆ ಬಾಗಿಲು ಮುಚ್ಚಿಕೊಂಡು ಹೋದ.

ವಿಡಿಯೊವನ್ನು ನಾನು ಎಷ್ಟು ಸಲ ನೋಡಿದ್ದೇನೋ ಲೆಕ್ಕವಿಲ್ಲ. ನಿಧಾನ ಮಾಡಿ ನೋಡಿದರೆ ಮೂರರಲ್ಲಿ ಎರಡು ಪಾಲು ದೂರ ಬಂದ ಮೇಲೆ ಒಂದು ಕ್ಷಣ ಅವನ ಕಣ್ಣು ಎಡಕ್ಕೆ, ಆಮೇಲೆ ಬಲಕ್ಕೆ ಹೋಗುತ್ತದೆ. ಎರಡು ಕಡೆಯೂ ಯಾರೂ ಇಲ್ಲ. ಅವನು ನಿಧಾನ ಮಾಡುವುದಿಲ್ಲ. ಎಲ್ಲರನ್ನೂ ಹಿಂದೆ ಬಿಟ್ಟೆ ಎಂದುಕೊಂಡನೇ? ಆರು ತಿಂಗಳು ಓಡಿದವನಿಗೆ ಅಷ್ಟು ಅಂತರ ಸಾಧ್ಯವಿಲ್ಲವೆಂದು ಗೊತ್ತಿರುತ್ತದೆ. ಹಾಗಾದರೆ ತಪ್ಪಾಗಿದೆ ಎಂದು ತಿಳಿದೇ ಓಡಿದನೇ? ತಿಳಿದ ಮೇಲೂ ಕೈ ಎತ್ತಿದನೇ? ನಾನು ಎರಡೂ ಕಡೆ ವಾದ ಮಾಡಬಲ್ಲೆ, ಎರಡೂ ಕಡೆ ಸೋಲುತ್ತೇನೆ.

ಓಟವಾದ ತಿಂಗಳಿಗೆ ಮಲ್ಲು ಬೇರೆ ಮನೆಗೆ ಹೋದ. ಮಗರಪಟ್ಟಾದ ಹಿಂದಿನ ಓಣಿಯಲ್ಲಿ, ಅವನಂತೆಯೇ ಗೋದಾಮಿನಲ್ಲಿ ದುಡಿಯುವ ಮೂವರು ಕಿವುಡ ಗೆಳೆಯರ ಜೊತೆ. ಕೆಲಸಕ್ಕೆ ಹತ್ತಿರ ಎಂದು ಕಾರಣ ಬರೆದು ಕಳಿಸಿದ. ನನ್ನ ಆಫೀಸಿಗೂ ಅದೇ ಹತ್ತಿರ ಎಂದು ನಾನು ಬರೆಯಲಿಲ್ಲ. ಗೆಳೆಯರ ಕೈಮಾತು ಬೇರೆ: ಪಟಪಟನೆ, ಮುಖ ಭುಜ ಎಲ್ಲ ಸೇರಿ, ನಗೆಚಾಟಿಕೆಗಳ ಸಮೇತ. ಅದರ ಮುಂದೆ ನಮ್ಮ ಅಡುಗೆಮನೆಯ ಕೈಮಾತು ಮಗು ಆಡುವ ತೊದಲು. ನಮ್ಮ ಗುರುತುಗಳನ್ನು ಒಂದೊಂದಾಗಿ ಬಿಟ್ಟು ಅವನು ಅವರದನ್ನು ಎತ್ತಿಕೊಂಡ. ನಾನು ಪುಣೆಗೆ ವಲಸೆ ಬಂದೆ ಎಂದುಕೊಂಡಿದ್ದೆ. ವಲಸೆ ಬಂದು ಊರು ಸೇರಿದವನು ಅವನು. ನಾನು ಇಂಡಿಗೆ ಹೋಗಲು ಮುಖವಿಲ್ಲದೆ, ಕೋಥರೂಡದಲ್ಲಿ ಮಾತಾಡಿಸುವವರಿಲ್ಲದೆ, ದಿನಕ್ಕೆರಡು ಸಲ ಬಸ್ಸಿನಲ್ಲಿ ಊರು ದಾಟುತ್ತೇನೆ. ಮರಾಠಿ ಈಗ ಚೆನ್ನಾಗಿ ಬರುತ್ತದೆ. ಕೊತ್ತಂಬರಿಗೆ ಜಗಳವನ್ನೂ ಗೆಲ್ಲುತ್ತೇನೆ. ಗೆದ್ದು ಬಂದು ಹೇಳಲು ಮನೆಯಲ್ಲಿ ಯಾರಿರುತ್ತಾರೆ?

ಹೋದ ಭಾನುವಾರ ಅವನು ಮನೆಗೆ ಬಂದ, ಮೊಳೆಯಿರುವ ಓಟದ ಬೂಟು ಒಯ್ಯಲು. ಜೊತೆಗೆ ಇಬ್ಬರು ಗೆಳೆಯರು. ಮುಂದಿನ ತಿಂಗಳು ನಾಗಪುರದಲ್ಲಿ ಕಿವುಡರ ಕೂಟವಿದೆಯಂತೆ. ನನಗೆ ಅದನ್ನು ಹೇಳಿದ್ದು ಅವನಲ್ಲ, ಫೋನಿನಲ್ಲಿ ಬರೆದು ತೋರಿಸಿದ ಒಬ್ಬ ಗೆಳೆಯ. ಪ್ರತಿ ಓಟಗಾರನ ಮುಂದೆ ನೆಲದ ಮೇಲೆ ಒಂದು ದೀಪವಿರುತ್ತದೆ: ಕೆಂಪು, ಹಳದಿ, ಹಸಿರು. ಪಿಸ್ತೂಲೂ ಇಲ್ಲ, ಹೊಗೆಯೂ ಇಲ್ಲ. ನಾನು ರೊಟ್ಟಿ ಬಡಿದೆ. ಮೂವರೂ ಉಂಡರು, ಮೂವರೂ ಪಾತ್ರೆ ತೊಳೆದರು, ಮೇಲೆ ಕೆಳಗೆಲ್ಲ ಸಪ್ಪಳವಾಯಿತು. ಕಾಕಾ ಬೈಯಲು ಬರುತ್ತಾರೇನೋ ಎಂದು ಬಾಗಿಲ ಕಡೆ ನೋಡಿದೆ. ಬರಲಿಲ್ಲ.

ಬಸ್ ನಿಲ್ದಾಣದವರೆಗೆ ಹೋದೆ. ಅವರು ಮೂವರೂ ಮುಂದೆ, ಒಬ್ಬರ ಮುಖ ಒಬ್ಬರು ನೋಡುತ್ತಾ, ಹಿಂದುಮುಂದಾಗಿ ನಡೆಯುತ್ತಾ ಹರಟುತ್ತಿದ್ದರು. ನನಗೆ ಹತ್ತರಲ್ಲಿ ಮೂರು ತಿಳಿಯುತ್ತಿತ್ತು. ಹಡಪಸರದ ಬಸ್ಸು ಬಂತು. ಗೆಳೆಯರು ಹತ್ತಿದರು. ನಾನು ಮಲ್ಲುವಿನ ತೋಳು ಮುಟ್ಟಿ ನನ್ನತ್ತ ತಿರುಗಿಸಿಕೊಂಡೆ. ಹೇಳಲು ಒಂದಿಡೀ ಭಾಷಣ ತಯಾರಿತ್ತು: ಅರ್ಜಿಯ ಬಗ್ಗೆ, ಅಮ್ಮನ ಬಗ್ಗೆ, ಬ್ಯಾನರಿನ ಬಗ್ಗೆ. ಅದಕ್ಕೆ ಬೇಕಾದಷ್ಟು ಗುರುತುಗಳು ನಮ್ಮ ಹಳೆಯ ಕೈಮಾತಿನಲ್ಲಿ ಇರಲಿಲ್ಲ, ಅವನ ಹೊಸದರಲ್ಲಿ ನನಗೆ ಬರುತ್ತಿರಲಿಲ್ಲ. ಇದ್ದಷ್ಟರಲ್ಲಿ ಒಂದು ಮಾತು ಕೇಳಿದೆ. ನಿಧಾನವಾಗಿ ಕೇಳಿದೆ, ತಪ್ಪಿಲ್ಲದೆ ಕೇಳಿದೆ. ಅವನು ನನ್ನ ಕೈಗಳನ್ನು ಕೊನೆಯವರೆಗೂ ನೋಡಿದ. ಆಮೇಲೆ ಬಸ್ಸಿನೊಳಗಿಂದ ಯಾರೋ ಕೈಬೀಸಿದರು, ಅವನು ಹತ್ತಿದ, ಕಿಟಕಿಯ ಆಚೆ ಅವನ ಮುಖ ಗೆಳೆಯರ ಕಡೆಗಿತ್ತು.

ನಾನು ಕೇಳಿದ್ದು ಇಷ್ಟೇ: ನಾಗಪುರಕ್ಕ ನಾನೂ ಬರ್ಲೇನು, ಮಲ್ಲೂ?